ನೆಲ್ಕಾಳ ಕಪ್ಪು ಮದುವೆ

ನಮ್ಮ ದೇಶದಲ್ಲಿ ಮೊಟ್ಟಮೊದಲು ಸಿನಿಮಾ ತೆಗೆದವರು ಯಾರು ಎಂದು ಈಗ ನಾಲ್ಕು ಜನ ಜಗಳವಾಡುತ್ತಾರೆ. ಆ ನಾಲ್ವರಲ್ಲಿ ನನ್ನ ತಮ್ಮ ಅಲೊಯ್ಜಿಯ ಹೆಸರಿಲ್ಲ. ಇರಬೇಕಿತ್ತು ಎಂದು ನಾನು ಬಾಯಿ ತೆರೆದರೆ, ಹೆತ್ತವರಿಗೆ ಹೆಗ್ಗಣ ಮುದ್ದು, ಅಕ್ಕನಿಗೆ ತಮ್ಮ ಮುದ್ದು ಎಂದು ನಗುತ್ತಾರೆ. ನಗಲಿ. ತೋರಿಸೋಣವೆಂದರೆ ಅವನ ಒಂದು ಚಿತ್ರವೂ ಉಳಿದಿಲ್ಲ. ಯುದ್ಧದ ವರ್ಷಗಳಲ್ಲಿ ಹಳೆಯ ಫಿಲ್ಮುಗಳನ್ನೆಲ್ಲ ಕೊಂಡೊಯ್ದು ಕರಗಿಸಿ ಬೂಟಿಗೆ ಹಚ್ಚುವ ಮೆರುಗೆಣ್ಣೆ ಮಾಡಿದರು. ನನ್ನ ತಮ್ಮನ ಕೆಲಸವೆಲ್ಲ ಯಾವುದೋ ಸಿಪಾಯಿಯ ಕಾಲಲ್ಲಿ ಸವೆದುಹೋಯಿತು. ಆದ್ದರಿಂದ ಅವನ ಕಥೆಯನ್ನು ಬಾಯಿಮಾತಿನಲ್ಲೇ ಹೇಳಬೇಕು, ಹೇಳಲು ನಾನೊಬ್ಬಳೇ ಉಳಿದಿದ್ದೇನೆ.

ನನ್ನ ಹೆಸರು ತೆಕ್ಲಾ. ಗಂಡ ಸತ್ತ ಮೇಲೆ ತಮ್ಮನ ಮನೆ ಸೇರಿದವಳು. ವಾರ್ಸಾದಲ್ಲಿ ವಿಸ್ಲಾ ನದಿಯ ಈಚೆ ದಡಕ್ಕೆ ಪ್ರಾಗಾ ಎನ್ನುತ್ತಾರೆ. ಆಚೆ ದಡದ ದೊಡ್ಡವರು ಮೂಗು ಮುಚ್ಚಿಕೊಂಡು ಬರುವ ಜಾಗ. ಅಲ್ಲಿ ಒಂದು ಹಳೆಯ ಕುದುರೆಲಾಯವನ್ನು ಚಿತ್ರಮಂದಿರ ಮಾಡಿಕೊಂಡಿದ್ದ ಅಲೊಯ್ಜಿ. ಪಿಯಾನೊ ಬಾರಿಸುವುದು, ಟಿಕೆಟ್ ಹರಿಯುವುದು, ಕುಡಿದು ಬಂದವರನ್ನು ಕುತ್ತಿಗೆ ಹಿಡಿದು ಹೊರಗೆ ದಬ್ಬುವುದು, ಮೂರೂ ನನ್ನ ಪಾಲಿನ ಕೆಲಸ. ಮೂರನೆಯದರಲ್ಲಿ ನನಗೆ ಹೆಚ್ಚು ಹೆಸರಿತ್ತು.

ಅಲೊಯ್ಜಿ ಮೊದಲು ಬೀದಿಯ ಗ್ಯಾಸ್ ದೀಪ ರಿಪೇರಿ ಮಾಡುತ್ತಿದ್ದ. ಏಣಿಯ ಮೇಲಿಂದ ಕೆಳಗಿನ ಜನರ ಓಡಾಟ ನೋಡಿ ನೋಡಿಯೇ ಅವನಿಗೆ ಈ ಹುಚ್ಚು ಹತ್ತಿದ್ದು ಎಂದು ನನ್ನ ಲೆಕ್ಕ. ಯಾವನೋ ಜರ್ಮನ್ ವ್ಯಾಪಾರಿಯಿಂದ ಹಳೆಯ ಕ್ಯಾಮೆರಾ ಕೊಂಡು, ಬಿಚ್ಚಿ, ಜೋಡಿಸಿ, ಮತ್ತೆ ಬಿಚ್ಚಿ, ತಾನೇ ಕಲಿತ. ವಿಸ್ಲಾದ ಮೇಲಿನ ಮಂಜುಗಡ್ಡೆ ಒಡೆಯುವುದನ್ನು ತೆಗೆದ. ಅಗ್ನಿಶಾಮಕ ದಳದ ಕುದುರೆಗಳನ್ನು, ಪೂಜೆ ಮುಗಿಸಿ ಇಗರ್ಜಿಯಿಂದ ಹೊರಬರುವವರನ್ನು, ಪಾಳಿ ಮುಗಿಸಿದ ಕಾರ್ಖಾನೆಯವರನ್ನು ತೆಗೆದ. ಅದುವರೆಗೆ ಪರದೆಯ ಮೇಲೆ ಪ್ಯಾರಿಸ್ಸಿನವರನ್ನೇ ನೋಡುತ್ತಿದ್ದ ಜನ ಈಗ ತಮ್ಮನ್ನೇ ನೋಡಲು ಮುಗಿಬಿದ್ದರು. ಆದರೆ ನಗರದಲ್ಲಿ ಎಲ್ಲರೂ ಕಪ್ಪು ಇಲ್ಲವೇ ಬೂದು ಬಣ್ಣದ ಕೋಟಿನವರು. ಅವನ ಕ್ಯಾಮೆರಾ ಅದುವರೆಗೆ ಎದ್ದುಕಾಣುವ ಒಂದು ಬಣ್ಣವನ್ನೂ ಕಂಡಿರಲಿಲ್ಲ ಎಂಬುದು ನಮ್ಮಲ್ಲಿ ಯಾರಿಗೂ ಹೊಳೆಯಲಿಲ್ಲ.

ನೆಲ್ಕಾ ಅವನ ಹೆಂಡತಿ. ವೊವಿಚ್ ಕಡೆಯ ಹಳ್ಳಿಯವಳು, ನಮ್ಮ ಮಾರುಕಟ್ಟೆಗೆ ಬೆಣ್ಣೆ, ಬಾತುಕೋಳಿ ಮಾರಲು ಬರುತ್ತಿದ್ದಳು. ಮಾರುಕಟ್ಟೆಯ ಚಿತ್ರದಲ್ಲಿ ತನ್ನ ಬಾತುಕೋಳಿ ಕಂಡಿತೆಂದು ನೋಡಲು ಬಂದವಳು ಮತ್ತೆ ಮತ್ತೆ ಬಂದಳು. ಬಾತುಕೋಳಿ ನೆಪ, ನೋಡುತ್ತಿದ್ದುದು ಅಲೊಯ್ಜಿಯನ್ನು. ಅವಳ ಅಪ್ಪ ಶಿಮೊನ್ ಹೊಲ, ಕುದುರೆ ಉಳ್ಳ ಮನುಷ್ಯ. ದೀಪ ಉಜ್ಜುವವನಿಗೆ ಮಗಳನ್ನು ಕೊಡುವುದಿಲ್ಲ ಎಂದ. ಅವಳು ಉಟ್ಟ ಬಟ್ಟೆಯಲ್ಲಿ ಬಂದುಬಿಟ್ಟಳು. ಒಂದು ಬೆಳಿಗ್ಗೆ ಇಗರ್ಜಿಯೊಳಗೆ ಒಂದು ಬದಿಯ ಪೂಜಾಪೀಠದ ಮುಂದೆ, ನನ್ನ ಬೂದು ಕೋಟು ತೊಟ್ಟು, ಮದುವೆಯಾದಳು. ಸಾಕ್ಷಿಗೆ ನಾನು ಮತ್ತು ಗಂಟೆ ಬಾರಿಸುವವನು. ಬಾಗಿಲಲ್ಲಿ ರೊಟ್ಟಿ ಉಪ್ಪು ಹಿಡಿದು ಎದುರುಗೊಳ್ಳುವ ತಂದೆತಾಯಿ ಇಲ್ಲ, ಪಿಟೀಲಿಲ್ಲ, ಮದುಮಗಳ ಹೂಕಿರೀಟ ಇಳಿಸಿ ತಲೆವಸ್ತ್ರ ಕಟ್ಟುವ ಹೆಂಗಸರಿಲ್ಲ, ಅವರ ಹಾಡೂ ಇಲ್ಲ. ವೊವಿಚ್ ಕಡೆಯವರ ಕಣ್ಣಲ್ಲಿ ಅಂಥದ್ದು ಮದುವೆಯೇ ಅಲ್ಲ. ಶಿಮೊನ್ ಅಂತೂ ನನ್ನ ತಮ್ಮನ ಮಾತು ಬಂದರೆ 'ಆ ಮನುಷ್ಯ' ಎನ್ನುತ್ತಿದ್ದ. ಅಳಿಯ ಅಲ್ಲ, ಮಗಳ ಗಂಡ ಎನ್ನುವುದಕ್ಕೂ ಅವನಿಗೆ ಬಾಯಿ ಬರಲಿಲ್ಲ.

ಪ್ರಾಗಾದ ಆ ತೇವದ ಮನೆಯಲ್ಲಿ ನೆಲ್ಕಾಳಿಗೆ ಕ್ಷಯ ಹಿಡಿಯಿತು. ಬೇಸಿಗೆಯ ಕೊನೆಗೆ ವೈದ್ಯರು ನನ್ನನ್ನು ಹೊರಗೆ ಕರೆದು, ಮುಂದಿನ ವಸಂತ ಕಾಣುವುದು ಕಷ್ಟ ಎಂದರು. ನಾನು ಒಳಗೆ ಬಂದು ಏನೂ ಆಗದವಳ ಹಾಗೆ ಆಲೂಗಡ್ಡೆ ಸುಲಿಯತೊಡಗಿದೆ. ಅವಳಿಗೆ ಗೊತ್ತಾಗಿತ್ತು. ಅಂದು ಊಟಕ್ಕೆ ಕುಳಿತಾಗ ಗಂಡನಿಗೆ ಹೇಳಿದಳು, "ಊರವರದ್ದೆಲ್ಲ ತೆಗೀತೀಯ. ನನ್ನ ಮದ್ವೆ ತೆಗಿ. ನಮ್ಮೂರಲ್ಲಿ, ನಮ್ಮ ಬಟ್ಟೇಲಿ, ನಮ್ಮ ಜನರ ಮಧ್ಯೆ. ಹೋಗೋಕ್ ಮುಂಚೆ ಒಂದ್ಸಲ ನೋಡ್ಕೋತೀನಿ."

ಅಲೊಯ್ಜಿ ಚಮಚ ಕೆಳಗಿಟ್ಟ. ಎದ್ದು ಹೋಗಿ ಕ್ಯಾಮೆರಾಕ್ಕೆ ಎಣ್ಣೆ ಬಿಡಲು ಕುಳಿತ. ಅಳು ಬಂದಾಗಲೆಲ್ಲ ಅವನು ಮಾಡುತ್ತಿದ್ದುದು ಅದೇ.

ಆಲೂಗಡ್ಡೆ ಅಗೆತ ಮುಗಿದು ಹಳ್ಳಿಯವರ ಕೈ ಬಿಡುವಾದಾಗ ಹೋದೆವು. ಶಿಮೊನ್ ಬಾಗಿಲಲ್ಲಿ ನಿಂತಿದ್ದ. ಬಯ್ಯಲೆಂದೇ ನಿಂತಿದ್ದನೇನೋ. ಗಾಡಿಯಿಂದ ಇಳಿದ ಮಗಳ ಕಡ್ಡಿಯಂತಾದ ತೋಳು ನೋಡಿ, ಪಕ್ಕಕ್ಕೆ ಸರಿದು ಬಾಗಿಲು ತೆಗೆದ. ಮರುದಿನ ಊರಿಗೆ ಊರೇ ಪೆಟ್ಟಿಗೆಗಳಿಂದ ಮದುವೆ ಬಟ್ಟೆ ತೆಗೆದು ತೊಟ್ಟಿತು. ಕೆಂಪು ನೆಲದ ಮೇಲೆ ಕಿತ್ತಳೆ ಪಟ್ಟೆಯ ಉಣ್ಣೆಯ ಲಂಗ, ಹೆಗಲ ಮೇಲೆ ಅದೇ ಪಟ್ಟೆಯ ಹೊದಿಕೆ. ನೆಲ್ಕಾಳ ತಲೆಯ ಮೇಲೆ ಕೆಂಪು ಹೂವಿನ ಕಿರೀಟ, ಕೊರಳಲ್ಲಿ ಸತ್ತ ತಾಯಿಯ ಹವಳದ ಸರ. ಅಷ್ಟು ಕೆಂಪನ್ನು ಬಿಸಿಲಲ್ಲಿ ಒಟ್ಟಿಗೆ ನೋಡಿ ನನ್ನ ಕಣ್ಣು ಕುಕ್ಕಿತು.

ಗಂಡನಾದವನು ಕ್ಯಾಮೆರಾ ಹಿಂದೆ ನಿಲ್ಲಬೇಕಿತ್ತಲ್ಲ, ವರನ ಪಾತ್ರಕ್ಕೆ ಅವಳ ಚಿಕ್ಕಪ್ಪನ ಮಗ, ಆನೆಕಿವಿಯ ಯೂಜೆಕ್ ನಿಂತ. ಹಳ್ಳಿಯ ಹೆಂಗಸರಿಗೆ ಅಷ್ಟು ಸಾಕಿತ್ತು. "ಹೆಂಡ್ತೀನ ಇನ್ನೊಬ್ಬನಿಗೆ ಧಾರೆ ಎರ್ದು ಹಿಡಿ ತಿರುಗಿಸ್ತಾ ನಿಂತಿರೋ ಗಂಡಸ್ನ ಇವತ್ತೇ ಕಣವ್ವ ನೋಡಿದ್ದು," ಎಂದು ಒಬ್ಬಳು ಕೆಣಕಿದಳು. ಅಲೊಯ್ಜಿ ಎಣಿಕೆ ತಪ್ಪದಂತೆ ಕ್ಯಾಮೆರಾದ ಹಿಡಿ ತಿರುಗಿಸುತ್ತಲೇ ನಕ್ಕ. ಶಿಮೊನ್ ರೊಟ್ಟಿ ಉಪ್ಪು ಹಿಡಿದು ಬಾಗಿಲಿಗೆ ಬಂದು ಮಗಳ ತಲೆ ಮುಟ್ಟಿದ. ನಟನೆ ಎಂದು ಅವನಿಗೆ ಯಾರೂ ಹೇಳಿಕೊಟ್ಟಿರಲಿಲ್ಲ, ಅವನೂ ನಟಿಸಲಿಲ್ಲ. ಕ್ಯಾಮೆರಾ ಕಡೆಗೆ ಮಾತ್ರ ಕೊನೆಯವರೆಗೂ ತಿರುಗಿ ನೋಡಲಿಲ್ಲ.

ಫಿಲ್ಮು ತೊಳೆದು, ಒಣಗಿಸಿ, ಪ್ರತಿ ತೆಗೆಯುವ ಹೊತ್ತಿಗೆ ಚಳಿಗಾಲ ಬಂದಿತ್ತು. ನೆಲ್ಕಾ ಜ್ವರದಲ್ಲಿ ಮಲಗಿದ್ದಳು. ಮೊದಲು ನಾವಿಬ್ಬರೇ ನೋಡಿ ಬಿಡೋಣ ಎಂದು ಚಿತ್ರಮಂದಿರದ ಬಾಗಿಲು ಹಾಕಿಕೊಂಡು ಕುಳಿತೆವು. ಪರದೆಯ ಮೇಲೆ ಬಂದದ್ದು ಕಪ್ಪು. ಕಪ್ಪು ಲಂಗ, ಕಪ್ಪು ಹೊದಿಕೆ, ಸಾಲು ಸಾಲಾಗಿ ಕಪ್ಪು ಹೆಂಗಸರು. ಮಧ್ಯದಲ್ಲಿ ಕಪ್ಪು ಹೂವಿನ ಕಿರೀಟ ಹೊತ್ತು, ಕೊರಳಲ್ಲಿ ಇದ್ದಿಲು ಪೋಣಿಸಿಕೊಂಡ ಹಾಗೆ, ನಮ್ಮ ನೆಲ್ಕಾ. ಬಿಳಿದಾಗಿ ಕಂಡದ್ದು ಅವಳ ಮುಖ ಮತ್ತು ಅಪ್ಪನ ಕೈಯ ರೊಟ್ಟಿ.

ರಾಸಾಯನಿಕ ಕೆಟ್ಟಿರಬೇಕೆಂದು ಅಲೊಯ್ಜಿ ಹೊಸದು ತಂದು ಇನ್ನೊಂದು ಪ್ರತಿ ತೆಗೆದ. ಅದೂ ಹಾಗೇ ಬಂತು. ಕೊನೆಗೆ ಬೀದಿ ತುದಿಯ ಫೋಟೊದವನನ್ನು ಕೇಳಿದರೆ ಅವನು ಹೊಟ್ಟೆ ಹಿಡಿದು ನಕ್ಕ. ಈ ಫಿಲ್ಮಿಗೆ ನೀಲಿ ಕಾಣುತ್ತದೆ, ಕೆಂಪು ಕಾಣುವುದಿಲ್ಲ, ಅದಕ್ಕೇ ನನ್ನ ಬಳಿ ಬರುವ ಹೆಂಗಸರಿಗೆ ಕೆಂಪು ತೊಡಬೇಡಿ ಎನ್ನುತ್ತೇನೆ ಎಂದ. ಮತ್ತೊಮ್ಮೆ ತೆಗೆಯೋಣವೆಂದರೆ ನೆಲ್ಕಾ ಎದ್ದು ನಿಲ್ಲುವ ಸ್ಥಿತಿಯಲ್ಲಿರಲಿಲ್ಲ. ನನ್ನ ತಮ್ಮ ಕ್ಯಾಮೆರಾದ ಪಕ್ಕದಲ್ಲಿ ನೆಲದ ಮೇಲೆ ಕುಳಿತುಬಿಟ್ಟ. ಅವತ್ತು ಎಣ್ಣೆ ಬಿಡಲೂ ಏಳಲಿಲ್ಲ.

ನೆಲ್ಕಾಳಿಗೆ ಹೇಳುವ ಧೈರ್ಯ ಅವನಿಗಿರಲಿಲ್ಲ, ನಾನೇ ಹೇಳಿದೆ. ಕೆಮ್ಮು ಬರುವಷ್ಟು ನಕ್ಕಳು. ಆಮೇಲೆ ಗೋಡೆ ಕಡೆ ತಿರುಗಿ ಮಲಗಿದಳು. ಮನೆಯಲ್ಲೇ ಗೋಡೆಯ ಮೇಲೆ ಬಿಟ್ಟು ತೋರಿಸಲೇ ಎಂದು ಕೇಳಿದೆ.

"ಬೇಡ ಅತ್ತಿಗೆ. ಕಪ್ಪೋ ಕೆಂಪೋ, ನಾನೇ ತಾನೆ? ಆದ್ರೆ ಗುಟ್ಟಾಗಿ ಒಂದ್ಸಲ ಮದ್ವೆ ಆಗಿದೀನಿ, ಸಾಕು. ಈ ಸಲ ಜನ ಬೇಕು. ಅಪ್ಪ ಬರ್ಬೇಕು."

ಜನ ಸೇರಿಸಿ ತೋರಿಸಬೇಕೆಂದರೆ ಸರಕಾರದ ಪರವಾನಗಿ ಬೇಕು. ಅದೂ ಉಪವಾಸದ ಕಾಲ ಶುರುವಾಗುವುದರೊಳಗೆ. ಬೂದಿ ಬುಧವಾರ ಬಂತೆಂದರೆ ಈಸ್ಟರ್‌ವರೆಗೆ ಪಿಯಾನೊಗೆ ಬೀಗ, ಮದುವೆ ಹಾಡಿನ ಸೊಲ್ಲೆತ್ತುವಂತಿಲ್ಲ. ನೆಲ್ಕಾ ಈಸ್ಟರ್‌ವರೆಗೆ ಇರುವವಳಲ್ಲ. ಹೀಗಾಗಿ ಜನವರಿಯ ಕೊರೆಯುವ ಚಳಿಯಲ್ಲಿ ಫಿಲ್ಮಿನ ಡಬ್ಬಿ ಹೊತ್ತು ಸೇತುವೆ ದಾಟಿ ಕಚೇರಿಗೆ ಹೋದೆವು. ಅಧಿಕಾರಿಗಳ ಮುಂದೆ ಅಲೊಯ್ಜಿಯ ನಾಲಗೆ ತೊದಲುತ್ತಿತ್ತು, ಅದಕ್ಕೇ ನಾನೂ ಜೊತೆಗೆ.

ಆಗ ನಮ್ಮನ್ನು ಆಳುತ್ತಿದ್ದುದು ರಷ್ಯದ ದೊರೆ ತ್ಸಾರ್, ಅಲ್ಲಿದ್ದವನೂ ಗ್ರೆಬೆನ್ಕೊವ್ ಎಂಬ ರಷ್ಯದವನು. ನಮ್ಮ ಮಾತನ್ನು ನಮಗಿಂತ ಚೆನ್ನಾಗಿ ಆಡುತ್ತಿದ್ದ. ಕೆಟ್ಟವನೆನ್ನಲಾರೆ, ಕೆಲಸ ಹೋದೀತೆಂಬ ಹೆದರಿಕೆಯವನು, ಅದು ಕೆಟ್ಟವನಿಗಿಂತ ಕಷ್ಟ. ಚಿತ್ರ ನೋಡಿ ಮುಗಿಸಿ, "ಯಾರು ತೀರ್ಕೊಂಡಿರೋದು?" ಎಂದು ಕೇಳಿದ.

"ಯಾರೂ ಇಲ್ಲ ಸ್ವಾಮಿ, ಮದುವೆ," ಎಂದ ಅಲೊಯ್ಜಿ.

"ಮದುವೆಗೆ ಊರಿಗೂರೇ ಕಪ್ಪು ತೊಟ್ಟಿದೆ. ಅದೂ ಈ ವರ್ಷ."

ಈ ವರ್ಷ ಎಂದದ್ದು ಯಾಕೆಂದು ನಮಗೆ ಬಿಡಿಸಿ ಹೇಳಬೇಕಿರಲಿಲ್ಲ. ಐವತ್ತು ವರ್ಷದ ಹಿಂದಿನ ಜನವರಿಯಲ್ಲೇ ನಮ್ಮವರು ತ್ಸಾರನ ಮೇಲೆ ದಂಗೆ ಎದ್ದು ಸೋತಿದ್ದರು. ಆಗ ನಮ್ಮ ಹೆಂಗಸರು ದೇಶವೇ ಸತ್ತಿತೆಂದು ಕಪ್ಪು ತೊಟ್ಟು ಬೀದಿಗೆ ಬಂದರೆ, ಕಪ್ಪು ತೊಟ್ಟವರಿಗೆ ಸರಕಾರ ದಂಡ ಹಾಕಿತ್ತು. ನಮ್ಮ ಅಜ್ಜಿ ದಂಡ ಕಟ್ಟಿ ಬಂದು, ಮತ್ತೆ ಅದೇ ಕಪ್ಪು ಬಟ್ಟೆ ತೊಟ್ಟವಳು. ಆ ಬಟ್ಟೆಗಳೆಲ್ಲ ಕೆಂಪು, ನಮ್ಮ ಫಿಲ್ಮಿಗೆ ಕಣ್ಣಿಲ್ಲ ಎಂದು ಅಲೊಯ್ಜಿ ತೊದಲಿ ತೊದಲಿ ವಿವರಿಸಿದ. ಕೆಂಪನ್ನು ಕಪ್ಪು ಮಾಡುವ ಯಂತ್ರದ ಕಥೆ ಹೇಳಿ ಮೇಲಿನವರನ್ನು ನಂಬಿಸುವುದು ಹೇಗೆ ಎಂದು ಗ್ರೆಬೆನ್ಕೊವ್ ಡಬ್ಬಿ ಮುಚ್ಚಿದ.

ಮನೆಗೆ ಬಂದ ಅಲೊಯ್ಜಿ ತಲೆ ಓಡಿಸಿದ. ತಾಮ್ರ ಬೆರೆಸಿದ ದ್ರಾವಣದಲ್ಲಿ ಅದ್ದಿದರೆ ಫಿಲ್ಮಿನ ಕಪ್ಪೆಲ್ಲ ಕೆಂಪಾಗುತ್ತದೆಂದು ಅವನಿಗೆ ಗೊತ್ತಿತ್ತು. ಬೆಂಕಿಯ ದೃಶ್ಯಗಳಿಗೆ ಹಾಗೆ ಮಾಡುತ್ತಿದ್ದರು. ಎರಡು ಪ್ರತಿಯಲ್ಲಿ ಒಂದನ್ನು ಪಾತ್ರೆ ತೊಳೆಯುವ ತೊಟ್ಟಿಯಲ್ಲೇ ಅದ್ದಿದೆವು. ಲಂಗ ಕೆಂಪಾಯಿತು, ಹೂವು ಕೆಂಪಾಯಿತು. ಗಿಡ, ಮರ, ಕುದುರೆ, ಯೂಜೆಕನ ಮೀಸೆ, ಅವೂ ಕೆಂಪಾದವು. ಆದರೂ ನಮಗೆ ಹಿಗ್ಗೋ ಹಿಗ್ಗು. ಆ ಪಟ್ಟಿಯ ಒಂದು ತುಂಡನ್ನು ಕಿಟಕಿಯ ಬೆಳಕಿಗೆ ಹಿಡಿದು ನೆಲ್ಕಾಳಿಗೆ ತೋರಿಸಿದೆ. ಹೆಬ್ಬೆರಳುಗುರಿನಷ್ಟು ಗಾತ್ರದ ತನ್ನನ್ನು ನೋಡಿ ಅವಳು ಆ ದಿನ ಅರ್ಧ ಬಟ್ಟಲು ಸಾರು ಕುಡಿದಳು.

ಗ್ರೆಬೆನ್ಕೊವ್ ಎರಡನೆಯ ಸಲ ನೋಡಿ ಹಣೆ ಒತ್ತಿಕೊಂಡ. "ಮೊದಲು ಕಪ್ಪು ತಂದ್ರಿ. ಈಗ ಕೆಂಪು. ಎಂಟು ವರ್ಷದ ಹಿಂದೆ ನಿಮ್ಮ ಕಾರ್ಖಾನೆ ಜನ ಯಾವ ಬಣ್ಣದ ಬಾವುಟ ಹಿಡ್ಕೊಂಡು ಬೀದಿಗೆ ಬಂದಿದ್ರು, ನೆನಪಿದೆಯಾ? ನನಗೂ ಹೆಂಡತಿ ಮಕ್ಕಳಿದ್ದಾರೆ."

ಬಾಣಲೆಯಿಂದ ಬೆಂಕಿಗೆ ಬಿದ್ದಿದ್ದೆವು. ನನಗೆ ತಡೆಯಲಾಗಲಿಲ್ಲ. "ಹಾಗಾದ್ರೆ ನಮ್ಮ ಹೆಣ್ಮಕ್ಕಳು ಯಾವ ಬಣ್ಣದಲ್ಲಿ ಮದ್ವೆ ಆಗ್ಬೇಕು, ನೀವೇ ಹೇಳಿಬಿಡಿ," ಎಂದೆ. ಅಲೊಯ್ಜಿ ನನ್ನ ಕಾಲು ತುಳಿದ. ಆ ಹುಡುಗಿ ಸಾಯುತ್ತಿದ್ದಾಳೆ, ಇದನ್ನು ನೋಡಲೆಂದೇ ಜೀವ ಹಿಡಿದಿದ್ದಾಳೆ ಎಂದು ಕಾಲು ತುಳಿಸಿಕೊಂಡೇ ಹೇಳಿದೆ.

ಗ್ರೆಬೆನ್ಕೊವ್ ಎದ್ದು ಹೋಗಿ ಬಾಗಿಲು ಹಾಕಿ ಬಂದ. ಹಾವೂ ಸಾಯಬಾರದು, ಕೋಲೂ ಮುರಿಯಬಾರದು, ಅಂಥ ದಾರಿ ಹುಡುಕುವುದು ಅವನ ವೃತ್ತಿ. "ಕಪ್ಪೇ ಇರಲಿ," ಎಂದ. "ಶವಯಾತ್ರೆ ಅಂತ ಹೆಸರಿಡಿ. ಕುಣಿತ ಕತ್ತರಿಸಿ. ಸಾವಿನಲ್ಲಿ ಕಪ್ಪು ಯಾಕೆ ಅಂತ ನನ್ನನ್ನ ಯಾರೂ ಕೇಳಲ್ಲ."

"ಹೆಣ ಎಲ್ಲಿ?" ಎಂದೆ ನಾನು.

"ಮುಂದೆ ಹೋಗಿರತ್ತೆ."

ಸೇತುವೆಯ ನಡುವೆ ಬಂದಾಗ ಅಲೊಯ್ಜಿ ನಿಂತ. ಡಬ್ಬಿಯನ್ನು ಕಂಬಿಯ ಮೇಲಿಟ್ಟು ಕೆಳಗಿನ ಮಂಜುಗಡ್ಡೆ ನೋಡತೊಡಗಿದ. ನಾನು ಡಬ್ಬಿಯ ಹಿಡಿ ಬಿಡಲಿಲ್ಲ. "ಅವಳಿಗೆ ಮದ್ವೆ ಮಾಡಿಸ್ತೀನಿ ಅಂದವ್ನು ನಾನು. ಈಗ ಜೀವ ಇರೋವಾಗ್ಲೇ ನನ್ನ ಕೈಯಾರೆ ಹೆಣ ಮಾಡ್ಲಾ ಅಕ್ಕ?" ಎಂದ. ಅವನನ್ನು ಎತ್ತಿ ಆಡಿಸಿದ ಕೈ ಇದು, ಅದನ್ನೇ ಅವನ ಬೆನ್ನ ಮೇಲಿಟ್ಟು, ಇನ್ನೊಂದು ಕೈಯಲ್ಲಿ ಡಬ್ಬಿ ಎತ್ತಿಕೊಂಡು ಮನೆ ಕಡೆ ನಡೆಸಿದೆ.

ಆಮೇಲೆ ಎಷ್ಟೋ ದಿನ ಅವನು ಬೇರೆ ಬೇರೆ ಬಾಗಿಲು ತಟ್ಟಿದ. ಪಾದ್ರಿಯ ಬಳಿ ಹೋದ, ಪತ್ರಿಕೆಯವರ ಬಳಿ ಹೋದ, ದೊಡ್ಡ ಚಿತ್ರಮಂದಿರದ ಒಡೆಯರ ಬಳಿ ಹೋದ. ಎಲ್ಲರೂ ಅಯ್ಯೋ ಪಾಪ ಎಂದರು, ಚಹಾ ಕೊಟ್ಟರು. ಮನೆಯಲ್ಲಿ ನೆಲ್ಕಾಳ ಕರವಸ್ತ್ರಗಳಲ್ಲಿ ರಕ್ತ ಹೆಚ್ಚುತ್ತಿತ್ತು. ಒಗೆದು ಒಣಹಾಕುವವಳು ನಾನು, ನನಗೆ ಗೊತ್ತು. ಬೀದಿಯಲ್ಲಿ ಹಬ್ಬದ ಎಣ್ಣೆತಿಂಡಿಯ ವಾಸನೆ ಬರತೊಡಗಿತು, ಉಪವಾಸ ಹತ್ತಿರ ಬಂತೆಂದು ಅದರ ಅರ್ಥ. ಇನ್ನು ಮುಚ್ಚಿಟ್ಟು ಫಲವಿಲ್ಲವೆಂದು ಗ್ರೆಬೆನ್ಕೊವ್ ಅಂದದ್ದನ್ನು ಅವಳಿಗೆ ಹೇಳಿದೆವು. ಅಲೊಯ್ಜಿ ಅವಳ ಮುಖ ನೋಡಲಾರದೆ ಒಲೆಯ ಕಡೆ ನೋಡುತ್ತಿದ್ದ.

"ಹೆಣ ಮುಂದೆ ಹೋಗಿದೆ ಅಂದ್ನಾ?" ಎಂದಳು ನೆಲ್ಕಾ. "ಸುಳ್ಳು. ಇಲ್ಲೇ ಮಂಚದ ಮೇಲೆ ಕಾಯ್ತಿದೆ. ಏನಾದ್ರೂ ಹೆಸರಿಡು, ಬೇಗ ತೋರ್ಸು."

ಅವನು ಅವತ್ತೇ ಕುಣಿತ ಕತ್ತರಿಸಿದ. ಕಿರೀಟ ಇಳಿಸುವ ದೃಶ್ಯವನ್ನೂ ಕತ್ತರಿಸಿದ. ಮೇಲೆ ರಷ್ಯನ್, ಕೆಳಗೆ ನಮ್ಮ ಭಾಷೆಯಲ್ಲಿ 'ಹಳ್ಳಿಯ ಶವಯಾತ್ರೆ' ಎಂದು ಹಲಗೆ ಬರೆದು, ಅದರ ಚಿತ್ರ ತೆಗೆದು ಫಿಲ್ಮಿನ ಮುಂಭಾಗಕ್ಕೆ ಅಂಟಿಸಿದ. ಅಂಟಿಸುವಾಗ ಅವನ ಬೆರಳು ಎಲ್ಲೂ ತಪ್ಪಲಿಲ್ಲ. ನನಗೆ ಅದನ್ನು ನೋಡುವುದೇ ಹೆಚ್ಚು ಕಷ್ಟವಾಯಿತು.

ಬೂದಿ ಬುಧವಾರದ ಹಿಂದಿನ ಭಾನುವಾರ ಮಧ್ಯಾಹ್ನ ಹಳ್ಳಿಯವರು ರೈಲಿನಲ್ಲಿ ಬಂದಿಳಿದರು. ತಮ್ಮನ್ನು ತಾವೇ ನೋಡುವ ದಿನವೆಂದು ಎಲ್ಲರೂ ಅದೇ ಕೆಂಪು ಬಟ್ಟೆ ತೊಟ್ಟಿದ್ದರು. ನಮ್ಮ ಕುದುರೆಲಾಯ ಕೆಂಪಿನಿಂದ ತುಂಬಿಹೋಯಿತು. ಮುಂದಿನ ಬೆಂಚಿನ ತುದಿಯಲ್ಲಿ ಒಬ್ಬ ಪೊಲೀಸಿನವನು ಬಂದು ಕುಳಿತ. ಅವನಿಗೆ ಎಲ್ಲಾದರೂ ಮದುವೆಯ ವಾಸನೆ ಬಡಿದರೆ ಚಿತ್ರ ಅಲ್ಲಿಗೇ ನಿಲ್ಲುತ್ತದೆ ಎಂದು ನಾನು ಹಳ್ಳಿಯವರಿಗೆ ಕಿವಿಯಲ್ಲಿ ಹೇಳಿದ್ದೆ. ಅಲೊಯ್ಜಿ, ಯೂಜೆಕ್ ಸೇರಿ ನೆಲ್ಕಾಳನ್ನು ಅಡುಗೆಮನೆಯ ಕುರ್ಚಿಯ ಸಮೇತ ಹೊತ್ತು ತಂದು, ಪಿಯಾನೊ ಮುಂದೆ ಕುಳಿತಿದ್ದ ನನ್ನ ಬೆನ್ನ ಹಿಂದೆ ಕೂರಿಸಿದರು. ಮೂರು ಶಾಲು ಹೊದ್ದಿದ್ದಳು, ಮೇಲೆ ಹವಳದ ಸರ. ಪಕ್ಕದಲ್ಲಿ ಅವಳ ಅಪ್ಪ.

ದೀಪ ಆರಿ, ಹಲಗೆ ಬಂತು. ಓದಲು ಬಾರದವರು ಏನಂತೆ ಎಂದರು, ಓದಬಲ್ಲವರು ಹೇಳಿದರು. ಶಿಮೊನ್ ಧಡಕ್ಕನೆ ಎದ್ದುನಿಂತ. ಕತ್ತಲಲ್ಲಿ ಅವನ ಉಸಿರು ನನಗೆ ಕೇಳಿಸುತ್ತಿತ್ತು. ಇದು ನನ್ನ ಮಗಳ ಮದುವೆ ಎಂದು ಅವನು ಒಂದು ಕೂಗು ಹಾಕಿದ್ದರೆ ಎಲ್ಲ ಮುಗಿಯುತ್ತಿತ್ತು. ಪೊಲೀಸಿನವನು ತಿರುಗಿ ನೋಡಿದ. ನೆಲ್ಕಾ ಅಪ್ಪನ ಕೋಟಿನ ಅಂಚು ಹಿಡಿದು ಕೆಳಗೆಳೆದಳು, ಮುದುಕ ಕುಳಿತ.

ಶವಯಾತ್ರೆಗೆ ತಕ್ಕ ಕೀರ್ತನೆ ಬಾರಿಸಬೇಕೆಂದು ಅಪ್ಪಣೆಯಾಗಿತ್ತು. ಬೆರಳಿಟ್ಟೆ. ಆಗ ಹಿಂದಿನಿಂದ ಅವಳ ದನಿ, "ಅತ್ತಿಗೆ, ನಮ್ಮ ಹಾಡು."

ಕಿರೀಟ ಇಳಿಸುವಾಗ ಹೆಂಗಸರು ಹೇಳುವ ಹಾಡು ಅದು. ಎಗರಿ ಎಗರಿ ಕುಣಿಯುವ ಹಾಡು. ಅದನ್ನೇ ಹಿಡಿದೆ, ಆದರೆ ಸಾವಿನ ಮನೆಯ ನಡಿಗೆಯಲ್ಲಿ, ಒಂದೊಂದು ಸ್ವರವನ್ನೂ ಹೆಜ್ಜೆ ಎತ್ತಿಡುವಷ್ಟು ನಿಧಾನವಾಗಿ. ಸ್ವಲ್ಪ ಹೊತ್ತು ಯಾರಿಗೂ ಗುರುತು ಹತ್ತಲಿಲ್ಲ. ಆಮೇಲೆ ಹಿಂದಿನ ಬೆಂಚಿನ ಒಬ್ಬ ಮುದುಕಿ ಬಾಯೊಳಗೇ ಗುನುಗಿದಳು. ಇನ್ನೊಬ್ಬಳು ಸೇರಿದಳು. ಒಬ್ಬೊಬ್ಬರೇ ಎದ್ದುನಿಂತು, ಹೆಂಗಸರೆಲ್ಲ ಆ ಕುಣಿಯುವ ಹಾಡನ್ನು ಅಳುವ ದನಿಯಲ್ಲಿ ಹೇಳತೊಡಗಿದರು. ಪರದೆಯ ಮೇಲೆ ಕಪ್ಪು ನೆಲ್ಕಾ ಅಪ್ಪನ ಕೈಯ ರೊಟ್ಟಿಗೆ ತುಟಿ ತಾಗಿಸಿದಳು. ಮೇಲೆ ಯಂತ್ರದ ಗೂಡಿನಲ್ಲಿ ಹಿಡಿ ತಿರುಗಿಸುತ್ತಿದ್ದ ಅಲೊಯ್ಜಿಗೆ ಚಿತ್ರ ಮುಗಿಸಲು ಮನಸ್ಸಾಗಲಿಲ್ಲವೇನೋ. ನಿಧಾನ ಮಾಡಿದರೆ ದೀಪದ ಕಾವಿಗೆ ಫಿಲ್ಮಿಗೆ ಬೆಂಕಿ ಹತ್ತುತ್ತದೆಂದು ಗೊತ್ತಿದ್ದೂ ನಿಧಾನ ಮಾಡಿದ, ಇನ್ನೂ ನಿಧಾನ ಮಾಡಿದ. ಪೊಲೀಸಿನವನು ಟೋಪಿ ತೆಗೆದು, ಕಣ್ಣೊರೆಸಿಕೊಂಡು, ರಷ್ಯದವರ ಪದ್ಧತಿಯಂತೆ ಬಲದಿಂದ ಎಡಕ್ಕೆ ಶಿಲುಬೆ ಗುರುತು ಹಾಕಿಕೊಂಡ.

"ನನ್ನ ಮದ್ವೆಗೆ ಪೊಲೀಸಿನವ್ನೂ ಅತ್ತ ಅತ್ತಿಗೆ," ಎಂದಳು ನೆಲ್ಕಾ. ಅವಳು ನಗುತ್ತಿದ್ದಳೋ ಅಳುತ್ತಿದ್ದಳೋ ನಾನು ತಿರುಗಿ ನೋಡಲಿಲ್ಲ, ನೋಡಿದ್ದರೆ ಬಾರಿಸಲು ಆಗುತ್ತಿರಲಿಲ್ಲ.

ಉಪವಾಸದ ನಡುವೆ, ಮಂಜು ಕರಗುವ ಮೊದಲೇ, ಅವಳು ಹೋದಳು. ಶಿಮೊನ್ ತಾನೇ ಗಾಡಿ ತಂದು ಮಗಳನ್ನು ಊರಿಗೆ ಒಯ್ದ. ಅವರಲ್ಲಿ ಹೆಣ್ಣನ್ನು ಮದುವೆಯ ಬಟ್ಟೆಯಲ್ಲೇ ಮಣ್ಣು ಮಾಡುವುದು. ಪೆಟ್ಟಿಗೆಯಿಂದ ಆ ಕೆಂಪು ಲಂಗ, ಹೊದಿಕೆ ತೆಗೆದುಕೊಟ್ಟವನೂ ಅವನೇ. ದೊಡ್ಡ ಕೋಣೆಯ ಮಧ್ಯೆ ಅವಳನ್ನು ಮಲಗಿಸಿದ್ದರು. ಸುತ್ತ ನಿಂತ ಊರಿನವರೆಲ್ಲ ಈಗ ನಿಜವಾಗಿಯೂ ಕಪ್ಪು ತೊಟ್ಟಿದ್ದರು. ಕೆಂಪು ತೊಟ್ಟವಳು ಅವಳೊಬ್ಬಳೇ. ಕಿಟಕಿಯಿಂದ ಬಿಸಿಲು ಬೇರೆ ಬಿದ್ದಿತ್ತು, ಚಿತ್ರ ತೆಗೆಯುವವರು ಬೇಡಿಕೊಳ್ಳುವಂಥ ಬಿಸಿಲು.

ಶಿಮೊನ್ ನನ್ನ ತಮ್ಮನ ಬರಿಗೈ ನೋಡಿದ. "ನಿಮ್ಮ ಯಂತ್ರ ತಂದಿಲ್ವ ಅಳಿಯಂದ್ರೇ?" ಎಂದು ಕೇಳಿದ.

ಆ ಮಾತಿಗೆ ಅಲೊಯ್ಜಿಯ ಮುಖ ಒಂದು ಗಳಿಗೆ ಕದಡಿತು. "ಅದಕ್ಕೆ ಇದೂ ಕಪ್ಪಾಗೇ ಕಾಣತ್ತೆ ಮಾವ. ಕೆಂಪು ಕಾಣೋದು ನಮಗೆ ಮಾತ್ರ. ನೋಡ್ಕೊಳ್ಳೋಣ," ಎಂದ.

ಶವಪೆಟ್ಟಿಗೆಯ ಮುಚ್ಚಳ ಹಾಕುವವರೆಗೂ ಅವರಿಬ್ಬರೂ ಪಕ್ಕಪಕ್ಕದಲ್ಲಿ ನಿಂತು ನೋಡುತ್ತಿದ್ದರು.